ಕಾರು ಕೈಬದಲಾದಾಗ ತಂತ್ರಾಂಶ ಯಾರದು?

ಪ್ರತಿ ವರ್ಷ ಮೇ ತಿಂಗಳು ಮುಗಿಯುತ್ತಿದ್ದಂತೆ ಅಮೆರಿಕದ ಕನ್ನಡ ಕೂಟಗಳ ಸಂದೇಶ ಗುಂಪುಗಳಲ್ಲಿ ಒಂದು ಬಗೆಯ ಸಂತೆ ನೆರೆಯುತ್ತದೆ. ತಾಯ್ನಾಡಿಗೆ ಮರಳುವವರು, ಬೇರೆ ರಾಜ್ಯದಲ್ಲಿ ಕೆಲಸ ದೊರೆತವರು, ಮನೆಗೆ ಎರಡನೆಯ ಮಗು ಬಂದು ದೊಡ್ಡ ವಾಹನ ಬೇಕಾದವರು ತಮ್ಮ ಕಾರುಗಳನ್ನು ಮಾರಾಟಕ್ಕಿಡುತ್ತಾರೆ. ಜುಲೈ ತಿಂಗಳಲ್ಲಿ ರೆಸಿಡೆನ್ಸಿ ಆರಂಭಿಸಲಿರುವ ಕಿರಿಯ ವೈದ್ಯರು, ಆಗಸ್ಟಿನಲ್ಲಿ ತರಗತಿ ಸೇರಲಿರುವ ವಿದ್ಯಾರ್ಥಿಗಳು, ಹೊಸದಾಗಿ ಬಂದಿಳಿದ ಸಂಸಾರಸ್ಥರು ಅವನ್ನು ಕೊಳ್ಳುತ್ತಾರೆ. ಹಿಂದೆ ಈ ವ್ಯವಹಾರದಲ್ಲಿ ಕೇಳಬೇಕಾದ ಪ್ರಶ್ನೆಗಳು ಐದಾರು ಮಾತ್ರ ಇದ್ದವು: ಎಷ್ಟು ಮೈಲಿ ಓಡಿದೆ, ಅಪಘಾತವಾಗಿದೆಯೇ, ಟೈರು ಯಾವಾಗ ಬದಲಾಯಿಸಿದ್ದು, ಟೈಟಲ್ ಪತ್ರದ ಮೇಲೆ ಸಾಲ ಉಳಿದಿದೆಯೇ. ಈಚಿನ ಪ್ರಕಟಣೆಗಳಲ್ಲಿ ಬೇರೆಯೇ ಪದಗಳು ಮೆರೆಯುತ್ತವೆ. ಸ್ವಯಂಚಾಲನೆಯ ಪ್ಯಾಕೇಜು ಇದೆ, ದೂರದಿಂದಲೇ ಎಂಜಿನ್ ಚಾಲೂ ಮಾಡಬಹುದು, ಸೀಟು ಬೆಚ್ಚಗಾಗುತ್ತದೆ, ಫೋನಿನಲ್ಲಿಯೇ ಬಾಗಿಲು ತೆರೆಯುತ್ತದೆ ಎಂದು ಬರೆದು, ಅದಕ್ಕೆ ತಕ್ಕಂತೆ ಬೆಲೆಯನ್ನೂ ಏರಿಸಿರುತ್ತಾರೆ.

ಮಾರುವವರು ಸುಳ್ಳು ಹೇಳುತ್ತಿದ್ದಾರೆಂದು ನಾವು ಹೇಳುತ್ತಿಲ್ಲ. ಅವರ ಕೈಯಲ್ಲಿ ಆ ಕಾರು ಇರುವಷ್ಟು ಕಾಲ ಅವೆಲ್ಲವೂ ನಿಜ. ಕಾರು ಕೈಬದಲಾದ ಮರುದಿನವೂ ಅವು ನಿಜವಾಗಿ ಉಳಿಯುತ್ತವೆಯೇ ಎಂಬುದನ್ನು ತೀರ್ಮಾನಿಸುವವರು ಮಾರುವವರೂ ಅಲ್ಲ, ಕೊಳ್ಳುವವರೂ ಅಲ್ಲ. ಸಾವಿರಾರು ಮೈಲಿ ದೂರದ ಸರ್ವರ್ ಒಂದರಲ್ಲಿ ಆ ಕಾರಿನ ಹೆಸರಿನ ಮುಂದೆ ಏನು ಬರೆದಿದೆ ಎಂಬುದನ್ನು ಬದಲಾಯಿಸಬಲ್ಲ ಮೂರನೆಯವರು. ಇದು ಊಹೆಯ ಮಾತಲ್ಲ. ನಡೆದ ಸಂಗತಿಗಳೇ ಇವೆ.

2019ರ ನವೆಂಬರಿನಲ್ಲಿ ಟೆಸ್ಲಾ ಸಂಸ್ಥೆಯು ಹರಾಜಿನಲ್ಲಿ ಮಾರಿದ ಒಂದು ಬಳಸಿದ ಮಾಡೆಲ್ ಎಸ್ ಕಾರನ್ನು ವ್ಯಾಪಾರಿಯೊಬ್ಬರು ಕೊಂಡರು. ಆ ಕಾರಿನಲ್ಲಿ ಎನ್‌ಹ್ಯಾನ್ಸ್‌ಡ್ ಆಟೋಪೈಲಟ್ ಮತ್ತು ಫುಲ್ ಸೆಲ್ಫ್ ಡ್ರೈವಿಂಗ್ ಎಂಬ ಎರಡು ಸೌಲಭ್ಯಗಳು ಇವೆಯೆಂದು, ಹೊಸ ಕಾರಿನ ಗಾಜಿಗೆ ಅಂಟಿಸುವ ಬೆಲೆಚೀಟಿಯೇ ಹೇಳುತ್ತಿತ್ತು. ಡಿಸೆಂಬರಿನಲ್ಲಿ ವ್ಯಾಪಾರಿಯಿಂದ ಗ್ರಾಹಕರೊಬ್ಬರು ಅದೇ ನಂಬಿಕೆಯಿಂದ ಆ ಕಾರನ್ನು ಕೊಂಡರು. ಸ್ವಲ್ಪ ದಿನಗಳಲ್ಲಿಯೇ ಆ ಸೌಲಭ್ಯಗಳು ಕಾರಿನಿಂದ ಮಾಯವಾದವು. ವಿಚಾರಿಸಿದಾಗ, ಸಂಸ್ಥೆ ತನ್ನ ಲೆಕ್ಕಪರಿಶೋಧನೆಯಲ್ಲಿ ಕಂಡುಕೊಂಡಂತೆ ಈ ಸೌಲಭ್ಯಗಳಿಗೆ ಹಣ ಪಾವತಿಯಾಗಿಲ್ಲವೆಂಬ ಉತ್ತರ ಬಂದಿತು. ಅವುಗಳ ಬೆಲೆ ಸುಮಾರು 8,000 ಡಾಲರ್. 2020ರ ಫೆಬ್ರುವರಿಯಲ್ಲಿ ಪತ್ರಿಕೆಗಳು ಈ ಸುದ್ದಿಯನ್ನು ಎತ್ತಿಕೊಂಡ ಮೇಲೆ ಸೌಲಭ್ಯಗಳು ಮರಳಿದವು. ಸುದ್ದಿಯಾಗದ ಕಾರಿನ ಮಾಲೀಕರ ಗತಿ ಏನಾಗುತ್ತಿತ್ತೆಂದು ಕೇಳಿಕೊಳ್ಳದೆ ಇರಲಾಗದು.

ಎರಡು ವರ್ಷಗಳ ಬಳಿಕ, 2022ರ ಬೇಸಿಗೆಯಲ್ಲಿ, ಇದಕ್ಕಿಂತ ವಿಚಿತ್ರವಾದ ಪ್ರಸಂಗ ಹೊರಬಂದಿತು. 60 ಎಂಬ ಸಂಖ್ಯೆಯೊಂದಿಗೆ ಮಾರಾಟವಾಗಿದ್ದ ಮಾಡೆಲ್ ಎಸ್ ಕಾರೊಂದಕ್ಕೆ ಖಾತರಿ ಅವಧಿಯಲ್ಲಿ ಸಂಸ್ಥೆಯೇ 90 ಸಂಖ್ಯೆಯ ದೊಡ್ಡ ಬ್ಯಾಟರಿಯನ್ನು ಹಾಕಿಕೊಟ್ಟಿತ್ತು. ಅದರ ಸಾಮರ್ಥ್ಯಕ್ಕೆ ಬೀಗ ಹಾಕಿರಲಿಲ್ಲ. ಆ ಕಾರು ಎರಡು ಬಾರಿ ಕೈಬದಲಾಯಿತು, ಮೂರನೆಯ ಮಾಲೀಕರು ಅದನ್ನು 90 ಎಂದೇ ತಿಳಿದು ಕೊಂಡಿದ್ದರು. ಅವರು ಬೇರಾವುದೋ ಭಾಗವನ್ನು ಹೊಸದು ಮಾಡಿಸಲು ಕಾರನ್ನು ಸಂಸ್ಥೆಯ ಕೇಂದ್ರಕ್ಕೆ ಒಯ್ದರು. ಅನಂತರ, ದಾಖಲೆಯಲ್ಲಿ ತಪ್ಪಿದೆಯೆಂದು ದೂರದಿಂದಲೇ ಕಾರನ್ನು 60ಕ್ಕೆ ಇಳಿಸಲಾಯಿತು. ಒಂದೇ ಏಟಿಗೆ ಸುಮಾರು 80 ಮೈಲಿಗಳ ವ್ಯಾಪ್ತಿ ಕಡಿತ. ಮರಳಿ ಬೇಕಾದರೆ 4,500 ಡಾಲರ್ ಕೊಡಬೇಕೆಂಬ ಮಾತು. ಇದೂ ಸಾರ್ವಜನಿಕವಾಗಿ ಗದ್ದಲವಾದ ಬಳಿಕವೇ ಸರಿಹೋಗುವ ಹಾದಿ ಹಿಡಿಯಿತು.

ಬ್ಯಾಟರಿಯ ಬೀಗದ ವಿಷಯ ಬಂದುದರಿಂದ ಇನ್ನೊಂದನ್ನು ಹೇಳಬೇಕು. 2017ರ ಸೆಪ್ಟೆಂಬರಿನಲ್ಲಿ ಇರ್ಮಾ ಚಂಡಮಾರುತ ಫ್ಲಾರಿಡಾದತ್ತ ಬರುತ್ತಿದ್ದಾಗ, ಊರು ಬಿಟ್ಟು ಹೊರಟಿದ್ದ ಜನರ ಅನುಕೂಲಕ್ಕಾಗಿ ಅದೇ ಸಂಸ್ಥೆ, ತಂತ್ರಾಂಶದಿಂದ ಮಿತಿಗೊಳಿಸಲಾಗಿದ್ದ ಕಾರುಗಳ ಬ್ಯಾಟರಿಯ ಪೂರ್ಣ ಸಾಮರ್ಥ್ಯವನ್ನು ತಾತ್ಕಾಲಿಕವಾಗಿ ಬಿಡುಗಡೆ ಮಾಡಿತು. ಅದೊಂದು ಒಳ್ಳೆಯ ಕಾರ್ಯ, ನಾವು ಅದನ್ನು ಮೆಚ್ಚುತ್ತೇವೆ. ಆದರೆ ಅಂದು ಅನೇಕರಿಗೆ ಮೊದಲ ಬಾರಿಗೆ ಅರ್ಥವಾದ ಸಂಗತಿಯೆಂದರೆ, ತಾವು ದಿನವೂ ಹೊತ್ತು ತಿರುಗುತ್ತಿದ್ದ ಬ್ಯಾಟರಿಯ ಒಂದು ಪಾಲು ತಮ್ಮದಾಗಿರಲಿಲ್ಲವೆಂಬುದು.

ನಮ್ಮಲ್ಲಿ ಮಕ್ಕಳಿಗೂ ಗೊತ್ತಿರುವ ಬೀರಬಲ್ಲನ ಕಥೆಯೊಂದಿದೆ. ಒಬ್ಬನು ರೈತನಿಗೆ ಬಾವಿಯನ್ನು ಮಾರಿದನು. ಮರುದಿನ ರೈತ ಕೊಡ ಹಿಡಿದು ಹೋದಾಗ, ನಾನು ಮಾರಿದ್ದು ಬಾವಿಯನ್ನೇ ಹೊರತು ನೀರನ್ನಲ್ಲವೆಂದು ತಡೆದನು. ಬೀರಬಲ್ಲನು ಕೊಟ್ಟ ತೀರ್ಪೂ ಎಲ್ಲರಿಗೂ ನೆನಪಿದೆ: ಬಾವಿ ರೈತನದಾದ ಮೇಲೆ ನಿನ್ನ ನೀರನ್ನು ಅದರಲ್ಲಿ ಇಟ್ಟುಕೊಂಡಿರುವುದಕ್ಕೆ ಬಾಡಿಗೆ ಕೊಡು, ಇಲ್ಲವಾದರೆ ನೀರನ್ನೆಲ್ಲ ತೆಗೆದುಕೊಂಡು ಹೋಗು. ಸೀಟಿನೊಳಗಿನ ತಂತಿಯನ್ನೂ ಬೀಗ ಬಿದ್ದ ಬ್ಯಾಟರಿಯ ಪಾಲನ್ನೂ ನಾವೇ ಇಂಧನ ಸುಟ್ಟು, ವಿದ್ಯುತ್ತು ತುಂಬಿಸಿ ಹೊತ್ತೊಯ್ಯುತ್ತಿರುವಾಗ, ಬಾಡಿಗೆ ಯಾರು ಯಾರಿಗೆ ಕೊಡಬೇಕೆಂದು ಬೀರಬಲ್ಲನನ್ನು ಕೇಳಿದರೆ ಅವನ ಉತ್ತರ ಬೇರೆಯಾಗಿರಲಾರದು.

ಕಥೆಯಲ್ಲಿ ಒಂದು ಮಾತಿನಲ್ಲಿ ಮುಗಿದದ್ದು ನ್ಯಾಯಾಲಯಗಳಲ್ಲಿ ಅಷ್ಟು ಸುಲಭವಾಗಿ ಮುಗಿಯಲಿಲ್ಲ. 1908ರಲ್ಲಿ ಅಮೆರಿಕದ ಸರ್ವೋಚ್ಚ ನ್ಯಾಯಾಲಯದ ಮುಂದೆ ಒಂದು ಕಾದಂಬರಿಯ ಮೊಕದ್ದಮೆ ಬಂದಿತು. ಒಂದು ಡಾಲರಿಗಿಂತ ಕಡಿಮೆ ಬೆಲೆಗೆ ಮಾರಕೂಡದೆಂದು ಪ್ರಕಾಶಕರು ಪುಸ್ತಕದೊಳಗೇ ಮುದ್ರಿಸಿದ್ದರು. ಮೇಸೀಸ್ ಅಂಗಡಿಯವರು ಅದನ್ನು 89 ಸೆಂಟಿಗೆ ಮಾರಿದರು. ಒಮ್ಮೆ ಮಾರಿದ ಮೇಲೆ ಆ ಪ್ರತಿಯ ಮುಂದಿನ ಮಾರಾಟದ ಮೇಲೆ ಪ್ರಕಾಶಕರಿಗೆ ಹಿಡಿತವಿಲ್ಲವೆಂದು ನ್ಯಾಯಾಲಯ ಹೇಳಿತು. ನಾವು ಹಳೆಯ ಪುಸ್ತಕದಂಗಡಿಯಲ್ಲಿ ಧೈರ್ಯವಾಗಿ ಪುಸ್ತಕ ಕೊಳ್ಳುವುದು ಈ ತತ್ತ್ವದ ಆಸರೆಯಿಂದಲೇ. 2017ರಲ್ಲಿ ಮುದ್ರಣಯಂತ್ರದ ಶಾಯಿ ಡಬ್ಬಿಗಳ ಕುರಿತ ಲೆಕ್ಸ್‌ಮಾರ್ಕ್ ಮೊಕದ್ದಮೆಯಲ್ಲಿ ಮುಖ್ಯ ನ್ಯಾಯಮೂರ್ತಿ ರಾಬರ್ಟ್ಸ್ ಅವರು ಕೊಟ್ಟ ಉದಾಹರಣೆಯಂತೂ ಬಳಸಿದ ಕಾರುಗಳನ್ನು ದುರಸ್ತಿ ಮಾಡಿ ಮಾರುವ ಅಂಗಡಿಯದೇ ಆಗಿತ್ತು. ಕಾರಿನೊಳಗಿನ ಸಾವಿರಾರು ಬಿಡಿಭಾಗಗಳ ತಯಾರಕರು ಮೊದಲ ಮಾರಾಟದ ನಂತರವೂ ತಮ್ಮ ಪೇಟೆಂಟ್ ಹಕ್ಕನ್ನು ಹಿಡಿದುಕೊಂಡರೆ ವ್ಯಾಪಾರವೇ ಕುಂಟುತ್ತದೆಂಬುದು ಅವರ ವಾದದ ಸಾರ.

ಆದರೆ ತಂತ್ರಾಂಶದ ಮಟ್ಟಿಗೆ ಬೇರೊಂದು ಹಾದಿ ಆಗಲೇ ಬೆಳೆದಿತ್ತು. 2010ರಲ್ಲಿ ಒಂಬತ್ತನೆಯ ಸರ್ಕಿಟ್ ಮೇಲ್ಮನವಿ ನ್ಯಾಯಾಲಯ, ಆಟೋಡೆಸ್ಕ್ ಸಂಸ್ಥೆಯ ತಂತ್ರಾಂಶದ ಬಳಸಿದ ಪ್ರತಿಗಳನ್ನು ಅಂತರ್ಜಾಲದಲ್ಲಿ ಮಾರುತ್ತಿದ್ದ ವ್ಯಕ್ತಿಯ ವಿರುದ್ಧ ತೀರ್ಪು ಕೊಟ್ಟಿತು. ಅವರ ಕೈಗೆ ಆ ಪ್ರತಿಗಳನ್ನು ಕೊಟ್ಟ ಮೊದಲಿನವರೇ ಮಾಲೀಕರಾಗಿರಲಿಲ್ಲ, ಪರವಾನಗಿ ಪಡೆದವರು ಮಾತ್ರ ಆಗಿದ್ದರು ಎಂಬುದು ಕಾರಣ. ಯುರೋಪಿನ ನ್ಯಾಯಾಲಯ 2012ರಲ್ಲಿ ಒರಾಕಲ್ ಸಂಸ್ಥೆಯ ಮೊಕದ್ದಮೆಯಲ್ಲಿ ಇದಕ್ಕೆ ವಿರುದ್ಧ ದಿಕ್ಕಿಗೆ ತಿರುಗಿತು: ಕಾಲಮಿತಿಯಿಲ್ಲದ ಪರವಾನಗಿಯನ್ನು ಒಂದೇ ಬಾರಿ ಹಣ ಪಡೆದು ಕೊಟ್ಟರೆ ಅದು ಮಾರಾಟವೇ ಸರಿ, ಮರುಮಾರಾಟವನ್ನು ತಡೆಯಲಾಗದು. ಇಂದಿನ ಕಾರು ಈ ಎರಡು ಲೋಕಗಳ ಗಡಿಯ ಮೇಲೆ ನಿಂತಿದೆ. ಲೋಹ, ಗಾಜು, ರಬ್ಬರು ಹಳೆಯ ಪುಸ್ತಕದ ಹಾಗೆ ನಮ್ಮವು. ಅವುಗಳನ್ನು ನಡೆಸುವ ಆಜ್ಞೆ ನಮ್ಮದಲ್ಲ. ಈ ಮಾತನ್ನು ತಯಾರಕರು ಮುಚ್ಚುಮರೆಯಿಲ್ಲದೆ ಹೇಳಿದ್ದೂ ಉಂಟು. ಸುಮಾರು ಹತ್ತು ವರ್ಷಗಳ ಹಿಂದೆ ಟ್ರ್ಯಾಕ್ಟರ್ ತಯಾರಕ ಜಾನ್ ಡಿಯರ್ ಸಂಸ್ಥೆ ಅಮೆರಿಕದ ಹಕ್ಕುಸ್ವಾಮ್ಯ ಕಚೇರಿಗೆ ಸಲ್ಲಿಸಿದ ಅಭಿಪ್ರಾಯದಲ್ಲಿ, ವಾಹನದ ಆಯುಷ್ಯದವರೆಗೆ ಅದನ್ನು ನಡೆಸಲು ಮಾಲೀಕರಿಗೆ ಒಂದು ಅಧ್ಯಾಹೃತ ಪರವಾನಗಿ ಇರುತ್ತದೆಂಬ ನಿಲುವನ್ನು ತಳೆದಿತ್ತು. ಹೊಲ ಉಳುವವನಿಗೆ ತನ್ನದೇ ಟ್ರ್ಯಾಕ್ಟರಿನ ಮೇಲೆ ಪರವಾನಗಿ!

ಎಲ್ಲ ಹಕ್ಕುಗಳೂ ವಸ್ತುವಿಗೇ ಅಂಟಿಕೊಂಡಿರಬೇಕೆಂದು ನಾವು ವಾದಿಸುತ್ತಿಲ್ಲ. ವ್ಯಕ್ತಿಗೆ ಮಾತ್ರ ಸೇರಿದ ಹಕ್ಕುಗಳು ಇವೆ ಎಂಬುದನ್ನು ನಮ್ಮ ವೃತ್ತಿಯವರಿಗೆ ಯಾರೂ ಕಲಿಸಿಕೊಡಬೇಕಾಗಿಲ್ಲ. ಒಬ್ಬ ವೈದ್ಯರು ತಮ್ಮ ಚಿಕಿತ್ಸಾಲಯವನ್ನು ಮಾರಿದರೆ ಮಂಚ, ಮೇಜು, ರಕ್ತದೊತ್ತಡದ ಯಂತ್ರ ಕೊಂಡವರಿಗೆ ಹೋಗುತ್ತವೆ. ಗೋಡೆಯ ಮೇಲಿನ ವೃತ್ತಿಪರವಾನಗಿ ಹೋಗುವುದಿಲ್ಲ. ಕರ್ನಾಟಕದಲ್ಲಿ ಎಂಬಿಬಿಎಸ್ ಮುಗಿಸಿ ಇಲ್ಲಿಗೆ ಬಂದವರಿಗಂತೂ ಸ್ವಂತ ಪದವಿಯೇ ಗಡಿ ದಾಟುವಾಗ ಅರ್ಧ ಮೌನವಾಗಿ, ಮತ್ತೆ ಪರೀಕ್ಷೆಗಳನ್ನು ಬರೆದ ಮೇಲೆಯೇ ಬಾಯಿ ತೆರೆದ ಅನುಭವವಿದೆ. ಹಾಗೆಯೇ ಸಂಗೀತದ ಚಂದಾ, ದಟ್ಟಣೆಯ ನಕ್ಷೆ, ಕಾರಿನೊಳಗಿನ ಅಂತರ್ಜಾಲ ಮುಂತಾದ, ತಿಂಗಳು ತಿಂಗಳೂ ಯಾರೋ ದುಡಿದು ಒದಗಿಸಬೇಕಾದ ಸೇವೆಗಳು ಚಂದಾದಾರರಿಗೆ ಸೇರಿದವು. ಮಾರಿದವರು ನಿಲ್ಲಿಸುತ್ತಾರೆ, ಕೊಂಡವರು ಬೇಕಿದ್ದರೆ ಆರಂಭಿಸುತ್ತಾರೆ. ಇದರಲ್ಲಿ ಅನ್ಯಾಯವೇನೂ ಇಲ್ಲ.

ತಯಾರಕರ ವಾದದಲ್ಲಿಯೂ ಹುರುಳಿದೆ. ಎಲ್ಲ ಕಾರುಗಳಿಗೂ ಒಂದೇ ಬಗೆಯ ಸೀಟನ್ನು ಜೋಡಿಸಿದರೆ ಕಾರ್ಖಾನೆಯ ಕೆಲಸ ಸರಳವಾಗುತ್ತದೆ. ಬಿಸಿಲ ನಾಡಿನ ಮೊದಲ ಮಾಲೀಕರಿಗೆ ಬೇಡವಾಗಿದ್ದ ಸೌಲಭ್ಯವನ್ನು ಮಿನೆಸೋಟದ ಎರಡನೆಯ ಮಾಲೀಕರು ಹಣ ಕೊಟ್ಟು ತೆರೆಸಿಕೊಳ್ಳಬಹುದು. ಬಿಎಂಡಬ್ಲ್ಯು ಸಂಸ್ಥೆ ಸೀಟಿನ ಬಿಸಿಗೆ ಬ್ರಿಟನ್ನಿನಲ್ಲಿ ತಿಂಗಳಿಗೆ 15 ಪೌಂಡು ಕೇಳಿದಾಗ ಇಂತಹ ಸಮರ್ಥನೆಗಳನ್ನೇ ಮುಂದಿಟ್ಟಿತು. ಜನರು ಒಪ್ಪಲಿಲ್ಲ, 2022ರಲ್ಲಿ ಜಗತ್ತಿನಾದ್ಯಂತ ನಗೆಪಾಟಲಾದ ಆ ಯೋಜನೆಯನ್ನು 2023ರಲ್ಲಿ ಕೈಬಿಟ್ಟರು. ಜನರಿಗೆ ಸಿಟ್ಟು ಬಂದುದು ಬೆಲೆಯ ಬಗೆಗೆ ಅಲ್ಲವೆಂದು ನಮಗೆ ತೋರುತ್ತದೆ. ಹಣ ಕೊಟ್ಟು ಮನೆಗೆ ತಂದ ವಸ್ತುವಿನೊಳಗೆ ಇನ್ನೊಬ್ಬರ ಕೈ ಉಳಿದಿದೆ ಎಂಬ ಅರಿವೇ ಅವರನ್ನು ಕೆರಳಿಸಿತು.

ಒಂದೇ ಬಾರಿ ಹಣ ತೆತ್ತು ಕೊಂಡ, ಕಾರಿನೊಳಗಿನ ಯಂತ್ರಭಾಗದಿಂದಲೇ ನಡೆಯುವ ಸೌಲಭ್ಯ ಕಾರಿನೊಂದಿಗೇ ಹೋಗಬೇಕು ಎಂಬುದು ನಮ್ಮ ಅಭಿಪ್ರಾಯ. ಇದು ಅಸಾಧ್ಯವೇನಲ್ಲ. 2025ರಲ್ಲಿ ಫೋಕ್ಸ್‌ವ್ಯಾಗನ್ ಬ್ರಿಟನ್ನಿನಲ್ಲಿ ತನ್ನ ಐಡಿ 3 ಕಾರಿನ ಹೆಚ್ಚುವರಿ ಅಶ್ವಶಕ್ತಿಗೆ ತಿಂಗಳಿಗೆ 16.50 ಪೌಂಡು ಅಥವಾ ಒಂದೇ ಬಾರಿಗೆ 649 ಪೌಂಡು ಎಂದು ದರ ಹೂಡಿತು. ಶಕ್ತಿಯನ್ನು ಬೀಗ ಹಾಕಿ ಮಾರುವುದು ನಮಗೆ ರುಚಿಸದಿದ್ದರೂ, ಒಂದು ಮಾತನ್ನು ಅವರು ಸ್ಪಷ್ಟವಾಗಿ ಹೇಳಿದರು: 649 ಪೌಂಡು ಕೊಟ್ಟರೆ ಆ ಹಕ್ಕು ವ್ಯಕ್ತಿಯದಲ್ಲ, ಕಾರಿನದು, ಕಾರನ್ನು ಮಾರಿದರೂ ಅದರಲ್ಲಿಯೇ ಉಳಿಯುತ್ತದೆ. ಇಷ್ಟು ಸ್ಪಷ್ಟತೆ ಎಲ್ಲೆಡೆ ಇದ್ದಿದ್ದರೆ ಈ ಲೇಖನದ ಅರ್ಧ ಭಾಗ ಬೇಕಾಗುತ್ತಿರಲಿಲ್ಲ.

ಟೆಸ್ಲಾದ ಸ್ವಯಂಚಾಲನೆಯ ಪ್ಯಾಕೇಜಿನ ಲೆಕ್ಕಾಚಾರ ನಮ್ಮ ಸಮುದಾಯದಲ್ಲಿ ಅನೇಕರಿಗೆ ಸಂಬಂಧಿಸಿದ್ದು, ಆದುದರಿಂದ ಸ್ವಲ್ಪ ನಿಂತು ನೋಡೋಣ. 2022ರ ಸೆಪ್ಟೆಂಬರಿನಲ್ಲಿ ಅಮೆರಿಕದಲ್ಲಿ ಅದರ ಬೆಲೆ 15,000 ಡಾಲರ್ ಇತ್ತು. 2024ರ ಏಪ್ರಿಲಿನಲ್ಲಿ 8,000 ಡಾಲರಿಗೆ ಇಳಿಯಿತು, ತಿಂಗಳ ಚಂದಾ 99 ಡಾಲರ್ ಆಯಿತು. ಹದಿನೈದು ಸಾವಿರ ಕೊಟ್ಟವರು ಕಾರು ಮಾರುವಾಗ ಆ ಹಣದ ಬಹುಪಾಲನ್ನು ಮರಳಿ ಪಡೆಯುವೆವೆಂದು ನಿರೀಕ್ಷಿಸುತ್ತಾರೆ. ಕೊಳ್ಳುವವರು ತೊಂಬತ್ತೊಂಬತ್ತು ಡಾಲರಿನ ಚಂದಾವನ್ನು ಮನಸ್ಸಿನಲ್ಲಿಟ್ಟುಕೊಂಡು ಚೌಕಾಸಿ ಮಾಡುತ್ತಾರೆ. ಹಳೆಯ ಕಾರಿನಿಂದ ಹೊಸ ಕಾರಿಗೆ ಆ ಸೌಲಭ್ಯವನ್ನು ವರ್ಗಾಯಿಸಲು 2023ರಲ್ಲಿ ಸಂಸ್ಥೆ ಒಂದು ಅವಧಿಗೆ ಅನುಮತಿ ಕೊಟ್ಟಿತು, ಬಳಿಕವೂ ಆಗಾಗ ಅಂತಹ ಅವಕಾಶಗಳು ಬಂದುಹೋದವು. ಹೀಗಾಗಿ ಒಂದೇ ಮಾದರಿಯ ಎರಡು ಹಳೆಯ ಕಾರುಗಳಲ್ಲಿ ಒಂದರಲ್ಲಿ ಸೌಲಭ್ಯ ಉಳಿದಿರಬಹುದು, ಇನ್ನೊಂದರಿಂದ ಮಾಲೀಕರು ಅದನ್ನು ಹೊತ್ತೊಯ್ದಿರಬಹುದು, ಮೂರನೆಯದರಲ್ಲಿ ಅದು ತಿಂಗಳ ಚಂದಾ ಆಗಿದ್ದು ಮಾರಾಟದೊಂದಿಗೆ ಕೊನೆಗೊಳ್ಳಬಹುದು. ಪರೀಕ್ಷಾರ್ಥವಾಗಿ ಓಡಿಸಿ ನೋಡುವಾಗ ಮೂರೂ ಒಂದೇ ಬಗೆಯಾಗಿ ಕಾಣಬಹುದು. ಇನ್ನೊಂದು ಗಂಟೂ ಇದೆ. ಮೂರನೆಯ ಪೀಳಿಗೆಯ ಗಣಕವಿರುವ ಕಾರುಗಳಲ್ಲಿ ಈ ಪ್ಯಾಕೇಜು ಕೊಂಡವರಿಗೆ ಆ ಗಣಕವನ್ನೇ ಬದಲಿಸಿಕೊಡಬೇಕಾಗುತ್ತದೆಂದು 2025ರ ಜನವರಿಯಲ್ಲಿ ಇಲಾನ್ ಮಸ್ಕ್ ಒಪ್ಪಿಕೊಂಡರು. ಆ ಭರವಸೆ ಯಾರಿಗೆ ಸಲ್ಲಬೇಕು? ಹಣ ಕೊಟ್ಟು ಈಗ ಬೆಂಗಳೂರಿಗೆ ಮರಳಿರುವವರಿಗೋ, ಆ ಹಣದ ಪಾಲನ್ನು ಅವರಿಗೆ ಕೊಟ್ಟು ಕಾರು ಪಡೆದವರಿಗೋ? ಕಾರಿನೊಂದಿಗೆ ಸೌಲಭ್ಯ ಹೋಗುವುದಾದರೆ ಅದರ ಬಾಕಿಯೂ ಹೋಗಬೇಕೆಂಬುದು ನಮಗೆ ನ್ಯಾಯವಾಗಿ ಕಾಣುತ್ತದೆ.

ಇಷ್ಟರವರೆಗೆ ಹೇಳಿದ್ದೆಲ್ಲ ಹಣದ ಮಾತು. ಹಣದ ನಷ್ಟವನ್ನು ಮನುಷ್ಯ ಹೇಗೋ ತಾಳಿಕೊಳ್ಳುತ್ತಾನೆ. ವೈದ್ಯರಾಗಿ ನಮ್ಮನ್ನು ಈ ವಿಷಯದತ್ತ ಎಳೆದದ್ದು ಬೇರೊಂದು ಸೌಲಭ್ಯ, ಯಾವ ಮಾರಾಟದ ಪ್ರಕಟಣೆಯಲ್ಲಿಯೂ ಯಾರೂ ಉಲ್ಲೇಖಿಸದೆ ಇರುವಂಥದು. ಅಪಘಾತವಾದಾಗ ಕಾರು ತಾನಾಗಿಯೇ ಸಹಾಯಕ್ಕೆ ಕರೆ ಮಾಡುವ ವ್ಯವಸ್ಥೆ ಅದು.

ಅದು ಕೆಲಸ ಮಾಡುವ ರೀತಿ ಹೀಗೆ. ಗಾಳಿಚೀಲ ಸಿಡಿದೊಡನೆ ಕಾರಿನೊಳಗಿನ ಮೋಡೆಮ್ ಒಂದು ಕೇಂದ್ರಕ್ಕೆ ಕರೆ ಮಾಡುತ್ತದೆ. ಕಾರು ಇರುವ ಸ್ಥಳ ತಾನಾಗಿ ಅಲ್ಲಿಗೆ ತಲುಪುತ್ತದೆ. ಕೇಂದ್ರದವರು ಮಾತನಾಡಿಸುತ್ತಾರೆ, ಉತ್ತರ ಬಾರದಿದ್ದರೆ 911ಕ್ಕೆ ತಿಳಿಸುತ್ತಾರೆ. ನಗರದ ನಡುವೆ, ಹಗಲಿನಲ್ಲಿ ಇದರ ಅಗತ್ಯ ಕಡಿಮೆ. ಹತ್ತು ಜನ ನಿಂತು ಕರೆ ಮಾಡುತ್ತಾರೆ. ರಾತ್ರಿ ಪಾಳಿ ಮುಗಿಸಿ ಹಳ್ಳಿಗಾಡಿನ ರಸ್ತೆಯಲ್ಲಿ ಒಬ್ಬರೇ ಮರಳುತ್ತಿರುವ ಕಿರಿಯ ವೈದ್ಯರ ಕಾರು ಹಿಮದ ಮೇಲೆ ಜಾರಿ ಕಾಲುವೆಗೆ ಇಳಿದರೆ, ಆಗ ಕಾರಲ್ಲದೆ ಕರೆ ಮಾಡುವವರು ಯಾರು? ಒಳಗೆ ರಕ್ತಸ್ರಾವವಾಗುತ್ತಿರುವ, ಪ್ರಜ್ಞೆ ತಪ್ಪಿ ಉಸಿರಿನ ಹಾದಿ ಕಟ್ಟುತ್ತಿರುವ ಗಾಯಾಳುವಿಗೆ ನಿಮಿಷಗಳೇ ಔಷಧ. ಶಸ್ತ್ರಚಿಕಿತ್ಸೆಯ ಕೋಣೆ ಎಷ್ಟೇ ಸಜ್ಜಾಗಿದ್ದರೂ ಸುದ್ದಿ ಬಾರದ ಗಾಯಾಳುವಿಗೆ ಅದರಿಂದ ಉಪಯೋಗವಿಲ್ಲ.

ಅಮೆರಿಕದಲ್ಲಿ ಈ ವ್ಯವಸ್ಥೆ ಬಹುಮಟ್ಟಿಗೆ ಚಂದಾದ ಸರಕು. ಹೊಸ ಕಾರಿನೊಂದಿಗೆ ಕೆಲವು ಕಾಲ ಉಚಿತ, ಆಮೇಲೆ ಹಣ. ಹೊಸ ಮಾಲೀಕರು ಮತ್ತೆ ನೋಂದಾಯಿಸಿಕೊಳ್ಳದಿದ್ದರೆ ಕನ್ನಡಿಯ ಬಳಿ ಎಸ್ಒಎಸ್ ಗುಂಡಿ ಅಲ್ಲಿಯೇ ಇರುತ್ತದೆ. ಹಿಂದೆ ಯಾರೂ ಇರುವುದಿಲ್ಲ. ಇದಲ್ಲದೆ 2022ರ ಫೆಬ್ರುವರಿಯಲ್ಲಿ ಎಟಿ ಅಂಡ್ ಟಿ ತನ್ನ ಮೂರನೆಯ ತಲೆಮಾರಿನ ಜಾಲವನ್ನು ಮುಚ್ಚಿತು, ಉಳಿದ ಸಂಸ್ಥೆಗಳೂ ಆ ವರ್ಷವೇ ಮುಚ್ಚಿದವು. ಹಳೆಯ ಮೋಡೆಮ್ ಇದ್ದ ಹಲವು ತಯಾರಕರ ಕಾರುಗಳಲ್ಲಿ ಈ ಕರೆಯ ವ್ಯವಸ್ಥೆ ಚಂದಾ ಕೊಟ್ಟರೂ ಮರಳದಂತೆ ನಿಂತುಹೋಯಿತು. ನಮ್ಮ ವಿದ್ಯಾರ್ಥಿಗಳು ಆರೇಳು ಸಾವಿರ ಡಾಲರಿಗೆ ಕೊಳ್ಳುವುದು ಸಾಮಾನ್ಯವಾಗಿ ಆ ವಯಸ್ಸಿನ ಕಾರುಗಳನ್ನೇ. ಫೋನುಗಳಲ್ಲಿಯೂ ಈಗ ಅಪಘಾತ ಗುರುತಿಸುವ ವ್ಯವಸ್ಥೆ ಬಂದಿದೆ, 2022ರ ಐಫೋನ್ 14ರಿಂದ ಅದು ಜನಪ್ರಿಯವೂ ಆಗಿದೆ ಎಂದು ಯಾರಾದರೂ ಹೇಳಬಹುದು. ನಿಜ, ಅದನ್ನು ಚಾಲೂ ಇಟ್ಟುಕೊಳ್ಳಿ ಎಂದೇ ನಾವೂ ಹೇಳುತ್ತೇವೆ. ಆದರೆ ಎಲ್ಲರ ಕೈಯಲ್ಲಿ ಹೊಸ ಫೋನು ಇರುವುದಿಲ್ಲ. ಫೋನು ಕಿಟಕಿಯಿಂದ ಹೊರಗೆ ಎಸೆಯಲ್ಪಡಬಹುದು, ಕಾರಿನ ಮೋಡೆಮ್ ಹಾಗಲ್ಲ.

ಚಂದಾ ಮತ್ತು ಪ್ರಾಣ ಎದುರುಬದುರಾದಾಗ ಏನಾಗಬಹುದೆಂಬುದಕ್ಕೆ ಷಿಕಾಗೋ ಬಳಿಯ ಲೇಕ್ ಕೌಂಟಿಯ ಪ್ರಕರಣ ಸಾಕ್ಷಿ. 2023ರ ಫೆಬ್ರುವರಿಯಲ್ಲಿ ಕಳ್ಳರು ಎರಡು ವರ್ಷದ ಮಗು ಒಳಗಿದ್ದಂತೆಯೇ ಒಂದು ಫೋಕ್ಸ್‌ವ್ಯಾಗನ್ ಕಾರನ್ನು ಅಪಹರಿಸಿದರು. ಕಾರು ಎಲ್ಲಿದೆಯೆಂದು ತಿಳಿಸಲು ಶೆರೀಫರ ಕಚೇರಿಯವರು ಕೇಳಿದಾಗ, ಉಚಿತ ಅವಧಿ ಮುಗಿದಿದೆ, 150 ಡಾಲರ್ ಕಟ್ಟಿದರೆ ಮಾತ್ರ ಸೇವೆ ಎಂಬ ಉತ್ತರ ಬಂದಿತು. ಮಗು ಸುರಕ್ಷಿತವಾಗಿ ಸಿಕ್ಕಿತೆಂಬುದು ನಮ್ಮೆಲ್ಲರ ಪುಣ್ಯ. ಸೇವೆ ಒದಗಿಸುವ ಹೊರಗಿನ ಸಂಸ್ಥೆಯವರು ನಿಯಮ ಮೀರಿದರೆಂದು ತಯಾರಕರು ಒಪ್ಪಿಕೊಂಡರು; ಅದೇ ವರ್ಷ ಹಲವು ಮಾದರಿಗಳಿಗೆ ಐದು ವರ್ಷ ತುರ್ತುಸೇವೆಯನ್ನು ಉಚಿತಗೊಳಿಸಿದರು. ಐದು ವರ್ಷ ಎಂಬುದು ಕಾರಿನ ಆಯುಷ್ಯದ ಅರ್ಧವೂ ಅಲ್ಲವೆಂಬುದನ್ನು ನೆನಪಿಡಬೇಕು. ಉಳಿದರ್ಧದಲ್ಲಿ ಆ ಕಾರನ್ನು ಓಡಿಸುವವರು ಎರಡನೆಯ, ಮೂರನೆಯ ಮಾಲೀಕರು.

ಯುರೋಪಿನ ಒಕ್ಕೂಟ ಇದನ್ನು ಬೇರೆ ಬಗೆಯಲ್ಲಿ ಬಗೆಹರಿಸಿತು. 2018ರ ಮಾರ್ಚ್ 31ರಿಂದ ಅಲ್ಲಿ ಅನುಮೋದನೆ ಪಡೆಯುವ ಹೊಸ ಮಾದರಿಯ ಕಾರುಗಳಲ್ಲಿ ಇಕಾಲ್ ಎಂಬ ವ್ಯವಸ್ಥೆ ಕಡ್ಡಾಯ. ಅಪಘಾತವಾದರೆ ಕಾರು ನೇರವಾಗಿ 112ಕ್ಕೆ ಕರೆ ಮಾಡಿ ಸ್ಥಳ, ಸಮಯ, ಸಾಗುತ್ತಿದ್ದ ದಿಕ್ಕನ್ನು ತಿಳಿಸುತ್ತದೆ. ಅಪಘಾತವಾಗುವವರೆಗೆ ಅದು ನಿದ್ರಿಸುತ್ತಿರುತ್ತದೆ, ಯಾರನ್ನೂ ಹಿಂಬಾಲಿಸುವುದಿಲ್ಲ. ಚಂದಾ ಇಲ್ಲ, ನೋಂದಣಿ ಇಲ್ಲ. ಕಾರು ಹತ್ತು ಕೈ ಬದಲಾಯಿಸಿದರೂ ಅದಕ್ಕೆ ಮಾಲೀಕರ ಹೆಸರು ಬೇಕಾಗಿಲ್ಲ. ಸೀಟುಬೆಲ್ಟನ್ನು ಮರುಮಾರಾಟದ ದಿನ ಯಾರೂ ಬಿಚ್ಚಿಕೊಂಡು ಹೋಗುವುದಿಲ್ಲ. ಅಪಘಾತದ ಕರೆಯನ್ನು ಸೀಟುಬೆಲ್ಟಿನ ಸಾಲಿನಲ್ಲಿ ಇಡಬೇಕೇ, ಸಂಗೀತದ ಸಾಲಿನಲ್ಲಿ ಇಡಬೇಕೇ ಎಂಬ ಪ್ರಶ್ನೆಗೆ ಯುರೋಪು ಉತ್ತರ ಕೊಟ್ಟಿದೆ, ಅಮೆರಿಕ ಇನ್ನೂ ಕೊಟ್ಟಿಲ್ಲ.

ತದ್ವಿರುದ್ಧವಾದ ಅಪಾಯವೂ ಒಂದಿದೆ. ಹಕ್ಕು ಹೊಸಬರಿಗೆ ಬಾರದೆ ಇರುವುದು ಒಂದು ಕಡೆಯಾದರೆ, ಹಳಬರಿಂದ ಹೋಗದೆ ಇರುವುದು ಇನ್ನೊಂದು ಕಡೆ. 2017ರಲ್ಲಿ ಐಬಿಎಂನ ಭದ್ರತಾ ತಜ್ಞ ಚಾರ್ಲ್ಸ್ ಹೆಂಡರ್ಸನ್, ತಾವು ವರ್ಷಗಳ ಹಿಂದೆ ಮಾರಿದ್ದ ಕಾರು ಎಲ್ಲಿದೆಯೆಂದು ತಮ್ಮ ಫೋನಿನಲ್ಲಿ ಇನ್ನೂ ಕಾಣುತ್ತಿದೆ, ಅದರ ಬಾಗಿಲನ್ನೂ ತೆರೆಯಬಹುದು ಎಂದು ಬಹಿರಂಗಪಡಿಸಿದರು. ನಮ್ಮವರಲ್ಲಿ ಎಷ್ಟು ಮಂದಿ ಕಾರು ಮಾರಿದ ದಿನ ಕೀಲಿಕೈ ಕೊಟ್ಟರೂ ಆ್ಯಪನ್ನು ಹಾಗೆಯೇ ಉಳಿಸಿಕೊಂಡಿರುತ್ತಾರೆ! ಒಬ್ಬಂಟಿಯಾಗಿ ವಾಸಿಸುವ ವಿದ್ಯಾರ್ಥಿನಿಯ ಕಾರಿನ ಸ್ಥಳ ಅಪರಿಚಿತರ ಫೋನಿನಲ್ಲಿ ಕಾಣುತ್ತಿರುವುದು ಸಣ್ಣ ವಿಷಯವಲ್ಲ.

ಕಾನೂನು ಏನು ಮಾಡಬಹುದು? ಅದಕ್ಕೆ ಮಾದರಿ ಈಗಾಗಲೇ ಇದೆ. ಒಂದು ಕಾಲದಲ್ಲಿ ಇಲ್ಲಿ ಮೈಲಿ ಸೂಚಕವನ್ನು ಹಿಂದಕ್ಕೆ ತಿರುಗಿಸಿ ಕಾರು ಮಾರುವುದು ಮಾಮೂಲಾಗಿತ್ತು. 1972ರ ಒಕ್ಕೂಟದ ಕಾಯಿದೆ ಅದನ್ನು ಕಾನೂನುಬಾಹಿರವಾಗಿಸಿತು. ಇಂದು ಕಾರು ಮಾರುವಾಗ ಮೈಲಿಗಳ ಸಂಖ್ಯೆಯನ್ನು ಬರೆದು ಸಹಿ ಹಾಕಬೇಕು, ಖಾಸಗಿಯಾಗಿ ಮಾರುವವರೂ ಸಹ. ಅದೇ ಪತ್ರದಲ್ಲಿ ಇನ್ನೆರಡು ಸಾಲು ಸೇರಿಸುವುದು ಕಷ್ಟವಲ್ಲ: ಈ ಕಾರಿನೊಂದಿಗೆ ಹೋಗುವ ತಂತ್ರಾಂಶ ಸೌಲಭ್ಯಗಳು ಇವು, ಕೊನೆಗೊಳ್ಳುವವು ಇವು. ಬಳಸಿದ ಕಾರುಗಳ ವ್ಯಾಪಾರಿಗಳು ಕಿಟಕಿಗೆ ಅಂಟಿಸಲೇಬೇಕಾದ ಖರೀದಿದಾರರ ಮಾಹಿತಿಪತ್ರ ಖಾತರಿಯ ಬಗೆಗೆ ಹೇಳುತ್ತದೆ, ಚಂದಾಗಳ ಬಗೆಗೆ ಏನೂ ಹೇಳುವುದಿಲ್ಲ. 2022ರಲ್ಲಿ ನ್ಯೂಜೆರ್ಸಿಯ ಶಾಸನಸಭೆಯಲ್ಲಿ, ಕಾರಿನೊಳಗೆ ಆಗಲೇ ಜೋಡಿಸಿರುವ ಭಾಗಗಳಿಗೆ ಚಂದಾ ವಸೂಲು ಮಾಡುವುದನ್ನು ತಡೆಯುವ ಮಸೂದೆಯೊಂದು ಮಂಡಿತವಾಗಿತ್ತು. ಅಷ್ಟು ದೂರ ಹೋಗುವ ಮೊದಲು ಈ ಎರಡು ಸಾಲುಗಳು ಬಂದರೂ ನಮಗೆ ತೃಪ್ತಿಯೇ. ಅಂದ ಹಾಗೆ, ಊರಿನಲ್ಲಿ ತಂದೆತಾಯಿಗಳ ಕಾರನ್ನು ಮಾರಿಸಲು ರಜೆಯಲ್ಲಿ ಹೋಗುವವರಿಗೂ ಇದು ಅನ್ವಯಿಸುತ್ತದೆ. ಕರ್ನಾಟಕದ ಆರ್‌ಟಿಒ ಕಚೇರಿಗೆ ಕೊಡುವ 29 ಮತ್ತು 30ನೆಯ ನಮೂನೆಗಳಲ್ಲಿ ಕಾರಿನ ಹೆಸರು ಬದಲಾಗುತ್ತದೆ, ಆ್ಯಪಿನ ಹೆಸರು ಬದಲಾಗುವುದಿಲ್ಲ.

ಕಾನೂನು ಬರುವವರೆಗೆ ನಮ್ಮ ಕೂಟಗಳು ಕಾಯಬೇಕಾಗಿಲ್ಲ. ಸಂದೇಶ ಗುಂಪುಗಳನ್ನು ನೋಡಿಕೊಳ್ಳುವ ಸ್ವಯಂಸೇವಕರಲ್ಲಿ ನಮ್ಮ ವಿನಂತಿ ಇಷ್ಟೆ: ಕಾರು ಮಾರುವ ಪ್ರಕಟಣೆಗೆ ಮೈಲಿಗಳ ಸಂಖ್ಯೆ ಕಡ್ಡಾಯವಿರುವಂತೆ, ಪ್ರತಿಯೊಂದು ತಂತ್ರಾಂಶ ಸೌಲಭ್ಯದ ಮುಂದೆಯೂ ಕೊಂಡದ್ದು ಅಥವಾ ಚಂದಾ ಎಂದು ಬರೆಯುವುದನ್ನೂ ಕಡ್ಡಾಯಗೊಳಿಸಿ. ಮಾರುವವರು ಕಾರಿನ ಪರದೆಯಲ್ಲಿ ತಂತ್ರಾಂಶದ ವಿವರವಿರುವ ಪುಟದ ಚಿತ್ರವನ್ನು ಜೊತೆಗೆ ಹಾಕಲಿ. ಕೊಳ್ಳುವವರು ಹಣ ಕೊಡುವ ಮೊದಲು ತಯಾರಕರ ಗ್ರಾಹಕ ಕೇಂದ್ರಕ್ಕೆ ವಾಹನದ ಗುರುತುಸಂಖ್ಯೆ ಕೊಟ್ಟು, ಮಾಲೀಕರು ಬದಲಾದ ಮೇಲೆ ಏನು ಉಳಿಯುತ್ತದೆಂದು ಕೇಳಿ, ಉತ್ತರವನ್ನು ಇಮೇಲಿನಲ್ಲಿ ಪಡೆಯಲಿ; ಫೋನಿನಲ್ಲಿ ಕೇಳಿದ ಮಾತು ನಾಳೆ ಯಾರ ನೆನಪಿನಲ್ಲೂ ಇರುವುದಿಲ್ಲ. ಇಬ್ಬರೂ ಸೇರಿ ಟೈಟಲ್ ಪತ್ರಕ್ಕೆ ಸಹಿ ಹಾಕುವ ಮೇಜಿನ ಬಳಿಯೇ ಹಳೆಯ ಖಾತೆಯಿಂದ ಕಾರನ್ನು ತೆಗೆದುಹಾಕಿ, ಕಾರಿನ ನೆನಪಿನಲ್ಲಿರುವ ಮನೆಯ ವಿಳಾಸ, ಫೋನ್ ಸಂಖ್ಯೆಗಳು, ಗ್ಯಾರೇಜಿನ ಬಾಗಿಲು ತೆರೆಯುವ ಸಂಕೇತ ಇವನ್ನೆಲ್ಲ ಅಳಿಸಿಬಿಡಲಿ. ಎಸ್ಒಎಸ್ ಗುಂಡಿ ಇರುವ ಕಾರಾದರೆ ಅದರ ಸೇವೆ ಜೀವಂತವಾಗಿದೆಯೇ ಎಂಬುದನ್ನು ತಯಾರಕರ ಆ್ಯಪಿನಲ್ಲಿ ಅಥವಾ ಗ್ರಾಹಕ ಕೇಂದ್ರದಲ್ಲಿ ವಿಚಾರಿಸಿ ತಿಳಿದುಕೊಳ್ಳಲಿ, ಗುಂಡಿಯನ್ನೇ ಒತ್ತಿ ಪರೀಕ್ಷಿಸುವುದು ಬೇಡ.